‘ಬ್ರೀದ್’ ಹೆಸರಿನ ಅರ್ಥವೇನು? ನಿಮ್ಮ ತಾಯಿಗೆ ‘ಬೃಹತೀ’ ಅಂತ ಹೇಳಿ

ನಿಮ್ಮ ಪ್ರಶ್ನೆ ಓದಿದ ಕೂಡಲೇ ಉತ್ತರ ಬರೆಯಲು ಕೂತೆ. ನಿಮ್ಮ ಯಜಮಾನರು ಐರ್ಲೆಂಡಿನವರು. ಹುಟ್ಟಿದ ಮಗಳಿಗೆ ಅವರ ಅಜ್ಜಿಯ ಹೆಸರು ‘ಬ್ರೀದ್’ ಇಡಬೇಕೆಂದು ಇಬ್ಬರಿಗೂ ಆಸೆ. ಆದರೆ ಧಾರವಾಡದಲ್ಲಿರುವ ನಿಮ್ಮ ತಾಯಿ “ಅರ್ಥ ಗೊತ್ತಿಲ್ಲದ ಹೆಸರು ಇಡಬ್ಯಾಡ್ರಿ” ಅಂದಿದ್ದಾರೆ. ಹುಡುಕಿದರೆ ಒಂದು ಕಡೆ ‘ಬೆಂಕಿಯ ಬಾಣ’, ಇನ್ನೊಂದು ಕಡೆ ‘ಶಕ್ತಿ’, ಮತ್ತೊಂದು ಕಡೆ ‘ಕ್ರೈಸ್ತ ಸಂತಳ ಹೆಸರು’ ಅಂತ ಸಿಕ್ಕಿದೆ, ಯಾವುದನ್ನು ನಂಬಬೇಕು ಅಂತ ಕೇಳಿದ್ದೀರಿ.

ನಾನು ಹನ್ನೊಂದು ವರ್ಷದಿಂದ ಕಿಲ್ಡೇರ್ ಕೌಂಟಿಯ ಒಂದು ವೃದ್ಧರ ಆರೈಕೆ ಕೇಂದ್ರದಲ್ಲಿ ನರ್ಸ್. ಈ ಹೆಸರಿನ ತವರೇ ಕಿಲ್ಡೇರ್. ನಮ್ಮಲ್ಲಿರುವ ಅಜ್ಜಿಯರಲ್ಲಿ ಒಬ್ಬರು ಬ್ರಿಜಿಟ್, ಒಬ್ಬರು ಬ್ರೀದ್, ಒಬ್ಬರು ಬ್ರೈಡಿ, ಇನ್ನೊಬ್ಬರು ಬ್ರೀಡಾ. ನಾಲ್ಕೂ ಒಂದೇ ಹೆಸರು ಅಂತ ತಿಳಿಯಲು ನನಗೇ ಒಂದು ವರ್ಷ ಹಿಡಿಯಿತು. ಆಮೇಲೆ ಬಿಡಲಿಲ್ಲ, ಸಿಕ್ಕಿದ್ದನ್ನೆಲ್ಲ ಓದಿದೆ. ಹೀಗೆ ಓದುತ್ತಿದ್ದಾಗಲೇ ಒಂದು ದಿನ ಈ ಹೆಸರಿನ ಅರ್ಥ ನನಗೆ ಚಿಕ್ಕಂದಿನಿಂದಲೂ ಗೊತ್ತಿತ್ತು ಅಂತ ತಿಳಿದು ಮೈ ಜುಮ್ಮೆಂದಿತು.

ಅರ್ಥ ಇಷ್ಟೇ: ಬ್ರೀದ್ ಅಂದರೆ ಉನ್ನತಳಾದವಳು, ಎತ್ತರದಲ್ಲಿರುವವಳು. ಸಂಸ್ಕೃತದಲ್ಲಿ ಇದೇ ಪದ ‘ಬೃಹತೀ’. ಹೋಲಿಕೆಗೆ ಹೇಳುತ್ತಿಲ್ಲ, ಎರಡೂ ಒಂದೇ ಬೇರಿನಿಂದ ಬಂದ ಒಂದೇ ಪದ. ‘ಬೃಹತ್ ಸಮಾವೇಶ’ ಅಂತ ಪತ್ರಿಕೆಯಲ್ಲಿ ಓದುತ್ತೀರಲ್ಲ, ಆ ಬೃಹತ್‌ನ ಸ್ತ್ರೀಲಿಂಗ ಬೃಹತೀ. ವೇದದಲ್ಲಿ 36 ಅಕ್ಷರಗಳ ಒಂದು ಛಂದಸ್ಸಿಗೂ ಇದೇ ಹೆಸರು. ದಶಮೂಲದ ಹತ್ತು ಗಿಡಗಳಲ್ಲಿ ಒಂದು ಬೃಹತೀ.

ಇದು ಹೇಗೆ ಅಂತ ನಿಮ್ಮ ತಾಯಿ ಕೇಳಿದರೆ ಹೀಗೆ ಹೇಳಿ. ಐರಿಶ್ ಭಾಷೆ ಕೆಲ್ಟಿಕ್ ಕುಟುಂಬಕ್ಕೆ ಸೇರಿದ್ದು. ಸಂಸ್ಕೃತ, ಪರ್ಷಿಯನ್, ಲ್ಯಾಟಿನ್ ಜೊತೆ ಅದಕ್ಕೂ ದೂರದ ದಾಯಾದಿ ಸಂಬಂಧ. ಹಳೆಯ ಕೆಲ್ಟಿಕ್ ಭಾಷೆಯಲ್ಲಿ ಈ ಹೆಸರು ‘ಬ್ರಿಗಂತೀ’ ಅಂತ ಇದ್ದಿರಬೇಕು ಎಂದು ವಿದ್ವಾಂಸರು ಹೋಲಿಸಿ ನೋಡಿ ಕಟ್ಟಿದ್ದಾರೆ. ಪಕ್ಕದಲ್ಲಿಟ್ಟು ನೋಡಿ: ಬ್ರಿಗಂತೀ, ಬೃಹತೀ. ಅಲ್ಲಿ ‘ಗ’ ಇರುವ ಜಾಗದಲ್ಲಿ ನಮಗೆ ‘ಹ’. ಅಲ್ಲಿ ‘ಅಂತೀ’ ಇದ್ದಲ್ಲಿ ನಮಗೆ ‘ಅತೀ’. ಈ ಅನುಸ್ವಾರದ ವ್ಯತ್ಯಾಸ ಈ ಒಂದು ಹೆಸರಿನದ್ದಲ್ಲ, ನೂರು ಎನ್ನುವ ಪದದಲ್ಲೂ ಹಾಗೇ: ಸಂಸ್ಕೃತದಲ್ಲಿ ‘ಶತ’, ಲ್ಯಾಟಿನ್‌ನಲ್ಲಿ ‘ಕೆಂತುಮ್’. ಐರಿಶ್ ಭಾಷೆ ಮುಂದೆ ಆ ‘ನ’ಕಾರವನ್ನು ತಾನೂ ಬಿಟ್ಟುಬಿಟ್ಟಿತು. ಹಾಗಾಗಿ ಅವರ ನೂರು ‘ಕೇದ್’ ಆಯಿತು, ಬ್ರಿಗಂತೀ ‘ಬ್ರಿಗಿತ್’ ಆದಳು. ಜರ್ಮನ್ನರು ಬೆಟ್ಟಕ್ಕೆ ‘ಬೆರ್ಗ್’ ಅನ್ನುತ್ತಾರಲ್ಲ, ಅದೂ ಇದೇ ಬೇರು. ಇರಾನಿನ ಅಲ್ಬೋರ್ಜ್ ಪರ್ವತದ ಹೆಸರಿನಲ್ಲಿರುವ ‘ಬೋರ್ಜ್’ ಕೂಡ ಅದೇ. ಎಲ್ಲೆಲ್ಲೂ ಎತ್ತರವೇ.

ಹಾಗಾದರೆ ‘ಬೆಂಕಿಯ ಬಾಣ’ ಎಲ್ಲಿಂದ ಬಂತು? ಅದೂ ಇವತ್ತು ನಿನ್ನೆಯ ಕಟ್ಟುಕಥೆಯಲ್ಲ, ಸಾವಿರ ವರ್ಷಕ್ಕೂ ಹಳೆಯದು. 908ರಲ್ಲಿ ತೀರಿಕೊಂಡ ಕಾರ್ಮಕ್ ಮಾಕ್ ಕುಲೆನಾನ್ ಎಂಬಾತ ಕ್ಯಾಶೆಲ್‌ನ ರಾಜನೂ ಹೌದು, ಬಿಷಪ್ಪನೂ ಹೌದು. ಅವನ ಹೆಸರಿನಲ್ಲಿ ಒಂದು ಹಳೆಯ ಐರಿಶ್ ಪದಕೋಶ ಉಳಿದಿದೆ. ಅದರಲ್ಲಿ ಬ್ರಿಗಿತ್ ಅಂದರೆ ‘ಬ್ರೆಯೊ ಸಗಿತ್’, ಬೆಂಕಿಯ ಬಾಣ, ಅಂತ ಪದ ಒಡೆದು ತೋರಿಸಿದ್ದಾರೆ. ನಮ್ಮ ನಿರುಕ್ತಕಾರರು, ಪುರಾಣಿಕರು ಒಂದೊಂದು ಅಕ್ಷರಕ್ಕೂ ಅರ್ಥ ಹೇಳುತ್ತಾರಲ್ಲ, ಆ ಬಗೆಯ ನಿರ್ವಚನ ಅದು. ವ್ಯುತ್ಪತ್ತಿಯಾಗಿ ಅದು ನಿಲ್ಲುವುದಿಲ್ಲ. ಆದರೆ ಅವಳಿಗೂ ಬೆಂಕಿಗೂ ನಂಟಿರುವುದು ನಿಜ, ಅದಕ್ಕೆ ಆಮೇಲೆ ಬರುತ್ತೇನೆ. ‘ಶಕ್ತಿ’ ಎನ್ನುವ ಅರ್ಥ ಹುಟ್ಟಿದ್ದು ‘ಬ್ರೀಗ್’ ಎಂಬ ಇನ್ನೊಂದು ಐರಿಶ್ ಪದದಿಂದ. ಕೇಳಲು ಹತ್ತಿರವಿದೆ ನಿಜ. ಆದರೆ ಅದರ ‘ಬ್ರೀ’ ಮೊದಲಿನಿಂದಲೂ ದೀರ್ಘ, ಬ್ರಿಗಿತ್‌ನದು ಹ್ರಸ್ವ. ಬೇರೆ ಬೇರೆ ಪದಗಳು.

ಅದೇ ಪದಕೋಶದಲ್ಲಿ ಇನ್ನೂ ಅಮೂಲ್ಯವಾದ ಮಾತಿದೆ. ಬ್ರಿಗಿತ್ ದಗ್ದಾ ಎಂಬ ದೇವರ ಮಗಳು, ಕವಿಗಳು ಆರಾಧಿಸುತ್ತಿದ್ದ ದೇವಿ. ಅದೇ ಹೆಸರಿನ ಇಬ್ಬರು ಸಹೋದರಿಯರು ಅವಳಿಗೆ, ಒಬ್ಬಳು ವೈದ್ಯದ ಬ್ರಿಗಿತ್, ಇನ್ನೊಬ್ಬಳು ಕಮ್ಮಾರಿಕೆಯ ಬ್ರಿಗಿತ್. ಕಾವ್ಯ, ಔಷಧಿ, ಕುಲುಮೆ ಮೂರೂ ಒಂದೇ ಹೆಸರಿನ ಆಸರೆಯಲ್ಲಿ. ನರ್ಸ್ ಕೆಲಸದ ನನಗೆ ಎರಡನೆಯವಳ ಮೇಲೆ ಪ್ರೀತಿ ಹೆಚ್ಚು ಅಂತ ಬೇರೆ ಹೇಳಬೇಕಿಲ್ಲ. ಆದರೆ ನನ್ನನ್ನು ಹೆಚ್ಚು ಕಾಡಿದ್ದು ಇನ್ನೊಂದು ಕಥೆ. ಮೊಯ್‌ತುರ ಯುದ್ಧದ ಹಳೆಯ ಕಥನದಲ್ಲಿ ಅವಳ ಮಗ ರುಅದಾನ್ ದೇವತೆಗಳ ಕಮ್ಮಾರನನ್ನು ಈಟಿಯಿಂದ ಇರಿಯಲು ಹೋಗಿ ತಾನೇ ಸಾಯುತ್ತಾನೆ. ಅವಳು ಬಂದು ಮೊದಲು ಚೀರುತ್ತಾಳೆ, ಆಮೇಲೆ ಅಳುತ್ತಾಳೆ. ಐರ್ಲೆಂಡಿನಲ್ಲಿ ಸತ್ತವರಿಗಾಗಿ ಅಳುವ ದನಿ ಮೊದಲು ಕೇಳಿದ್ದು ಆಗ ಅಂತ ಕಥೆ ಹೇಳುತ್ತದೆ. ನಮ್ಮ ಕಡೆ ಹೆಂಗಸರು ಹೆಣದ ಮುಂದೆ ಹಾಡಿಕೊಂಡು ಅಳುವುದನ್ನು ಚಿಕ್ಕಂದಿನಲ್ಲಿ ಕೇಳಿದ್ದೇನೆ. ಹಾಗೆ ಅಳುವ ಪದ್ಧತಿ ಇಲ್ಲಿಯೂ ಇತ್ತು, ಅದಕ್ಕೆ ಮೂಲ ಇವಳು ಅಂತ ಇವರ ನಂಬಿಕೆ.

ಇನ್ನು ಸಂತಳ ವಿಷಯ. ಪರಂಪರೆಯ ಪ್ರಕಾರ ಸಂತ ಬ್ರಿಜಿಡ್ ಹುಟ್ಟಿದ್ದು 451ರ ಸುಮಾರಿಗೆ, ತೀರಿಕೊಂಡದ್ದು 525ರ ಸುಮಾರಿಗೆ. ಕಿಲ್ಡೇರ್‌ನಲ್ಲಿ ಮಠ ಕಟ್ಟಿದವಳು. ‘ಕಿಲ್ ದಾರಾ’ ಅಂದರೆ ಓಕ್ ಮರದ ಇಗರ್ಜಿ. ಆ ಮಠದಲ್ಲಿ ಗಂಡಸರೂ ಹೆಂಗಸರೂ ಇದ್ದರು. 7ನೇ ಶತಮಾನದಲ್ಲೇ ಕೊಗಿತೋಸಸ್ ಎಂಬ ಸನ್ಯಾಸಿ ಅವಳ ಚರಿತ್ರೆಯನ್ನು ಲ್ಯಾಟಿನ್‌ನಲ್ಲಿ ಬರೆದ. ಪ್ಯಾಟ್ರಿಕ್, ಕೊಲಮ್‌ಕಿಲ್ ಜೊತೆ ಇವಳೂ ಐರ್ಲೆಂಡಿನ ಮೂವರು ಪಾಲಕ ಸಂತರಲ್ಲಿ ಒಬ್ಬಳು.

ದೇವಿಯೇ ಸಂತಳಾದಳೋ, ಸಂತಳು ಬೇರೆಯೇ ಇದ್ದಳೋ ಎಂಬ ವಾದ ವಿದ್ವಾಂಸರ ನಡುವೆ ಇವತ್ತಿಗೂ ನಡೆದಿದೆ. ನನಗನಿಸುವುದು ಇಷ್ಟು: ನಮ್ಮ ಮನೆಗಳಲ್ಲಿ ಲಕ್ಷ್ಮಿ, ಗೌರಿ, ಸರಸ್ವತಿ ಅಂತ ಹೆಣ್ಣುಮಕ್ಕಳಿಲ್ಲವೇ? ದೇವಿಯ ಹೆಸರು ಹೊತ್ತ ಒಬ್ಬ ಹುಡುಗಿ ಬೆಳೆದು ದೊಡ್ಡ ಮಠವನ್ನೇ ನಡೆಸಿರಬಹುದು, ಜನ ದೇವಿಯ ಕಥೆಗಳನ್ನೂ ಅವಳ ಮಡಿಲಿಗೆ ಹಾಕಿರಬಹುದು. ಕನ್ನಡದವರಿಗೆ ಇದು ಒಗಟಾಗಿ ಕಾಣಬೇಕಿಲ್ಲ.

ಬೆಂಕಿಯ ನಂಟು ಇಲ್ಲಿದೆ. 12ನೇ ಶತಮಾನದ ಕೊನೆಯಲ್ಲಿ ವೇಲ್ಸ್‌ನ ಜೆರಾಲ್ಡ್ ಎಂಬ ಪಾದ್ರಿ ಕಿಲ್ಡೇರ್ ಬಗ್ಗೆ ಬರೆದ. ಅಲ್ಲಿ ಎಂದೂ ಆರದ ಒಂದು ಬೆಂಕಿಯಿದೆ, ಸುತ್ತ ಬೇಲಿಯಿದೆ, ಗಂಡಸರು ಅದನ್ನು ದಾಟುವಂತಿಲ್ಲ. ಹತ್ತೊಂಬತ್ತು ಸನ್ಯಾಸಿನಿಯರು ಒಂದೊಂದು ರಾತ್ರಿ ಸರದಿಯ ಮೇಲೆ ಅದನ್ನು ಕಾಯುತ್ತಾರೆ. ಇಪ್ಪತ್ತನೆಯ ರಾತ್ರಿ ಸೌದೆ ಪಕ್ಕದಲ್ಲಿಟ್ಟು, “ಬ್ರಿಜಿಡ್, ಇವತ್ತು ನಿನ್ನ ಸರದಿ, ನಿನ್ನ ಬೆಂಕಿ ನೀನೇ ನೋಡಿಕೋ” ಅಂತ ಹೇಳಿ ಹೋಗುತ್ತಾರೆ. ಬೆಳಗ್ಗೆ ನೋಡಿದರೆ ಸೌದೆ ಉರಿದಿರುತ್ತದೆ, ಬೆಂಕಿ ಇದ್ದೇ ಇರುತ್ತದೆ. ಎಷ್ಟು ವರ್ಷ ಉರಿದರೂ ಬೂದಿ ಮಾತ್ರ ಹೆಚ್ಚುವುದಿಲ್ಲ ಅಂತಲೂ ಬರೆದಿದ್ದಾನೆ. 16ನೇ ಶತಮಾನದಲ್ಲಿ ಮಠಗಳನ್ನು ಮುಚ್ಚಿಸಿದಾಗ ಆ ಬೆಂಕಿ ಆರಿತು ಅನ್ನುತ್ತಾರೆ. 1993ರಲ್ಲಿ ಕಿಲ್ಡೇರ್ ಪೇಟೆಯ ಚೌಕದಲ್ಲಿ ಬ್ರಿಜಿಡಳ ಹೆಸರಿನ ಸನ್ಯಾಸಿನಿಯರೇ ಅದನ್ನು ಮತ್ತೆ ಹೊತ್ತಿಸಿದರು. ರಜೆಯ ದಿನ ಒಮ್ಮೆ ಮಗುವನ್ನು ಕರೆದುಕೊಂಡು ಬಂದು ಆ ಊರನ್ನು ನೋಡಿಕೊಂಡು ಹೋಗಿ. ಡಬ್ಲಿನ್‌ನಿಂದ ರೈಲಿದೆ.

ಇಷ್ಟು ದೊಡ್ಡವಳ ಹೆಸರನ್ನು ಹಳೆಯ ಐರಿಶ್ ಜನ ಮಕ್ಕಳಿಗೆ ನೇರವಾಗಿ ಇಡಲು ಹಿಂಜರಿಯುತ್ತಿದ್ದರು. ಬದಲಿಗೆ ಗಂಡುಮಕ್ಕಳಿಗೆ ‘ಮೇಲ್ ಬ್ರಿಗ್ತೆ’, ‘ಗಿಲ್ಲ ಬ್ರಿಗ್ತೆ’ ಅಂತ ಇಡುತ್ತಿದ್ದರು. ಬ್ರಿಗಿತಳ ದಾಸ ಅಂತ ಅರ್ಥ, ನಮ್ಮ ಶಿವದಾಸ, ರಾಮದಾಸರ ಹಾಗೆ. ಮ್ಯಾಕ್‌ಬ್ರೈಡ್ ಎಂಬ ಮನೆತನದ ಹೆಸರು ಬಂದದ್ದು ಹೀಗೆಯೇ, ಬ್ರೀದಳ ದಾಸನ ಮಗ ಅಂತ. (ಇಂಗ್ಲಿಷಿನಲ್ಲಿ ಮದುಮಗಳಿಗೆ ಹೇಳುವ ಬ್ರೈಡ್‌ಗೂ ಇದಕ್ಕೂ ಯಾವ ಸಂಬಂಧವೂ ಇಲ್ಲ.) ಹೆಣ್ಣುಮಕ್ಕಳಿಗೆ ಈ ಹೆಸರು ಮನೆಮನೆಯಲ್ಲೂ ಬಂದದ್ದು 17ನೇ ಶತಮಾನದ ಈಚೆಗೆ. ಬಂದ ಮೇಲೆ ಎಷ್ಟು ಹರಡಿತೆಂದರೆ 20ನೇ ಶತಮಾನದ ಆರಂಭದ ಜನಗಣತಿಯಲ್ಲಿ ಮೇರಿಯ ಜೊತೆಗೆ ಎಲ್ಲೆಲ್ಲೂ ಬ್ರಿಜಿಟ್‌ಗಳೇ.

ಆ ಹರಡುವಿಕೆಯೇ ಹೆಸರಿಗೆ ಮುಳುವಾಯಿತು. ಈ ಭಾಗ ಬರೆಯುವಾಗ ನನಗೆ ಸಂಕಟವಾಗುತ್ತದೆ. 1845ರಿಂದ 1852ರವರೆಗಿನ ಕ್ಷಾಮದಲ್ಲಿ ಸುಮಾರು ಹತ್ತು ಲಕ್ಷ ಜನ ಸತ್ತರು, ಅಷ್ಟೇ ಜನ ಊರು ಬಿಟ್ಟರು. ಆ ಕಾಲದಲ್ಲೂ ಅದರ ನಂತರವೂ ಅಮೆರಿಕಕ್ಕೆ ಹೋದ ಹುಡುಗಿಯರು ಸಿರಿವಂತರ ಮನೆಗಳಲ್ಲಿ ಕೆಲಸಕ್ಕೆ ಸೇರಿದರು. ಕೆಲಸದವಳ ಹೆಸರು ಏನೇ ಇರಲಿ, ಯಜಮಾನಿಯರು ‘ಬ್ರಿಜಿಟ್’, ‘ಬಿಡ್ಡಿ’ ಅಂತಲೇ ಕರೆದರು. ಪತ್ರಿಕೆಗಳ ವ್ಯಂಗ್ಯಚಿತ್ರಗಳಲ್ಲಿ ತಟ್ಟೆ ಒಡೆಯುವ ದಡ್ಡ ಹೆಂಗಸಿನ ಹೆಸರೂ ಅದೇ ಆಯಿತು. ನಮ್ಮ ಬ್ರೈಡಿ ಅಜ್ಜಿಯ ಸೋದರತ್ತೆ ಬಾಸ್ಟನ್ನಿಗೆ ಹೋದವರು. ಅಲ್ಲಿಂದ ಬರುತ್ತಿದ್ದ ಕಾಗದಗಳ ಕೆಳಗೆ ‘ಡೀಲಿಯಾ’ ಅಂತ ಸಹಿ ಇರುತ್ತಿತ್ತಂತೆ. ಬ್ರಿಜಿಟ್ ಎಂಬ ಹೆಸರು ಬಚ್ಚಿಡಲು ಎಷ್ಟೋ ಜನ ಹಿಡಿದ ದಾರಿ ಅದು. “ಅಪ್ಪ ಆ ಸಹಿ ನೋಡಿದಾಗಲೆಲ್ಲ ಕಾಗದ ಮಡಚಿ ಎದ್ದು ಹೋಗುತ್ತಿದ್ದ” ಅಂತ ಅಜ್ಜಿ ಒಮ್ಮೆ ಹೇಳಿದರು.

ಆ ಅಜ್ಜಿಗೆ ಈಗ ತೊಂಬತ್ತು ದಾಟಿದೆ, ನೆನಪು ಮಸುಕಾಗಿದೆ. ಆದರೆ ಪ್ರತಿ ಜನವರಿ 31ರಂದು ನಮ್ಮಲ್ಲಿಗೆ ಒಂದು ಹೊರೆ ಜೊಂಡು ಬರುತ್ತದೆ. ಅದನ್ನು ಕುಡುಗೋಲಿನಿಂದ ಕೊಯ್ಯಬಾರದು, ಕೈಯಿಂದ ಕಿತ್ತೇ ತರಬೇಕು ಅಂತ ಸಂಪ್ರದಾಯ. ಅಜ್ಜಿ ಒಂದು ಎಳೆಯನ್ನು ನೆಟ್ಟಗೆ ಹಿಡಿಯುತ್ತಾರೆ. ಇನ್ನೊಂದನ್ನು ನಡುವೆ ಮಡಚಿ ಅದಕ್ಕೆ ಅಡ್ಡಲಾಗಿ ಸಿಕ್ಕಿಸಿ, ಹೆಬ್ಬೆರಳಿನಿಂದ ಒತ್ತಿ, ಕಾಲು ಸುತ್ತು ತಿರುಗಿಸುತ್ತಾರೆ. ಮತ್ತೊಂದು ಎಳೆ, ಮತ್ತೆ ಕಾಲು ಸುತ್ತು. ನಡುವೆ ಚೌಕಾಕಾರದ ಹೆಣಿಗೆ ಮೂಡುತ್ತದೆ, ನಾಲ್ಕು ಕಡೆಗೆ ನಾಲ್ಕು ತೋಳು. ತುದಿಗಳನ್ನು ಕಟ್ಟಿದರೆ ಬ್ರಿಜಿಡಳ ಶಿಲುಬೆ. ಮನೆಗೆ ಬೆಂಕಿ ಬೀಳದಿರಲಿ ಅಂತ ಬಾಗಿಲ ಮೇಲೆ ಸಿಕ್ಕಿಸುತ್ತಾರೆ. ಬೆಳಗ್ಗೆ ತಿಂಡಿ ತಿಂದದ್ದು ನೆನಪಿಲ್ಲದ ಅಜ್ಜಿ ಹೋದ ವರ್ಷ ನನ್ನ ಕೈ ಹಿಡಿದು, ನಾನು ತಪ್ಪು ದಿಕ್ಕಿಗೆ ತಿರುಗಿಸಿದ್ದನ್ನು ಬಿಚ್ಚಿಸಿ ಮತ್ತೆ ಹೆಣೆಸಿದರು.

ಅದೇ ರಾತ್ರಿ ಒಂದು ಬಟ್ಟೆಯನ್ನು ಹೊರಗೆ ಹಾಕಿಡುತ್ತಾರೆ. ಬ್ರೀದ್ ಆ ದಾರಿಯಲ್ಲಿ ಹೋಗುವಾಗ ಅದನ್ನು ಮುಟ್ಟುತ್ತಾಳೆ, ಆಮೇಲೆ ಅದನ್ನು ಹಣೆಗೆ ಕಟ್ಟಿಕೊಂಡರೆ ತಲೆನೋವು ಹೋಗುತ್ತದೆ ಅಂತ ನಂಬಿಕೆ. ಮಾರನೆಯ ದಿನ, ಫೆಬ್ರವರಿ 1, ಅವಳ ಹಬ್ಬ. ಐರಿಶ್ ಲೆಕ್ಕದಲ್ಲಿ ವಸಂತದ ಮೊದಲ ದಿನ. 2023ರಿಂದ ಸರ್ಕಾರಿ ರಜೆಯೂ ಇದೆ. ಈ ದೇಶದಲ್ಲಿ ಹೆಣ್ಣೊಬ್ಬಳ ಹೆಸರಿನ ಮೊದಲ ಸರ್ಕಾರಿ ರಜೆ ಇದು. ನನಗೆ ಇದು ಸಣ್ಣ ವಿಷಯ ಅನಿಸುವುದಿಲ್ಲ.

ಈಗ ಉಚ್ಚಾರ. ಹಳೆಯ ಐರಿಶ್‌ನಲ್ಲಿ ‘ಬ್ರಿಗಿತ್’ ಅಂತ ಬರೆದರೂ ‘ಗ’ ಗಂಟಲಲ್ಲೇ ಕರಗುವ ಸದ್ದು. ಕಾಲ ಕಳೆದಂತೆ ಅದು ಪೂರ್ತಿ ಕರಗಿ, ಆ ಜಾಗ ತುಂಬಲು ‘ಬ್ರಿ’ ದೀರ್ಘವಾಗಿ ‘ಬ್ರೀದ್’ ಆಯಿತು. ತಮಿಳಿನ ‘ಪೆಯರ್’ ಆಡುಮಾತಿನಲ್ಲಿ ‘ಪೇರ್’ ಆದ ಹಾಗೆ. ನಮ್ಮ ‘ಹೆಸರು’ ಎಂಬ ಪದದ ಒಡಹುಟ್ಟೇ ಅದು. ಈಗಿನ ಐರಿಶ್ ಬರವಣಿಗೆಯಲ್ಲಿ ನಾಲ್ಕೇ ಅಕ್ಷರ: ಬಿ, ಆರ್, ಐ, ಡಿ. ಐ ಮೇಲೆ ಒಂದು ಓರೆಗೆರೆ, ಅದಕ್ಕೆ ‘ಫಾದಾ’ ಅನ್ನುತ್ತಾರೆ. ಫಾದಾ ಅಂದರೆ ಉದ್ದ, ನಮ್ಮ ದೀರ್ಘವೇ. ಅರ್ಜಿ ತುಂಬುವಾಗ ಆ ಗೆರೆ ಬಿಟ್ಟುಹೋಗದಂತೆ ನೋಡಿಕೊಳ್ಳಿ. ಕೊನೆಯ ಅಕ್ಷರವನ್ನು ದಕ್ಷಿಣದ ಮನ್‌ಸ್ಟರ್ ಕಡೆ ‘ದ್’ ಅಂತಲೇ ಅನ್ನುತ್ತಾರೆ. ಪಶ್ಚಿಮಕ್ಕೆ, ಉತ್ತರಕ್ಕೆ ಹೋದರೆ ‘ಬ್ರೀಜ್’ ಅಂತ ಕೇಳಿಸುತ್ತದೆ. ನಿಮ್ಮ ಯಜಮಾನರ ಅಜ್ಜಿ ಯಾವ ಕೌಂಟಿಯವರು ಅಂತ ಕೇಳಿ, ಆ ಊರಿನವರು ಕರೆಯುವ ಹಾಗೆಯೇ ಕರೆಯಿರಿ.

ಕ್ರೈಸ್ತ ಹೆಸರು ಎಂಬ ಅಳುಕು ಮನೆಯಲ್ಲಿದ್ದರೆ, ದೇವಿ ಸಂತಳಿಗಿಂತ ಹಳಬಳು ಅಂತ ಹೇಳಿ. ಇನ್ನೊಂದು ಮಾತು. ನಾನು ಬೆಳೆದದ್ದು ಮಂಗಳೂರಿನಲ್ಲಿ. ಪಕ್ಕದ ಮನೆಯಲ್ಲಿ ಒಬ್ಬರು ಬ್ರಿಜಿತ್ ಬಾಯಿ ಇದ್ದರು. ನಮ್ಮಮ್ಮನಿಗೆ ಹೆರಿಗೆಯಾದಾಗ ಬಾಣಂತನದ ನೀರು ಹಾಕಿದವರು ಅವರೇ. ಆ ಹೆಸರು ನಮಗೆ ಹೊರಗಿನದು ಅಂತ ಯಾರಿಗೂ ಅನಿಸಿದ್ದಿಲ್ಲ.

ನನ್ನನ್ನು ಕೇಳಿದರೆ ಬ್ರೀದ್ ಅಂತಲೇ ಇಡಿ. ನಾಮಕರಣಕ್ಕೆ ಧಾರವಾಡದಲ್ಲಿ ಇನ್ನೊಂದು ಹೆಸರು ಬೇಕೆಂದರೆ ಬೃಹತೀ ಇದೆ, ಎರಡೂ ಒಂದೇ. ತಟ್ಟೆಯಲ್ಲಿ ಅಕ್ಕಿ ಹರಡಿ ಉಂಗುರದಿಂದ ಹೆಸರು ಬರೆಯುವಾಗ ನಿಮ್ಮ ಯಜಮಾನರ ಕೈ ಹಿಡಿದು ಬರೆಸಿ. ಮೊದಲನೆಯದರಲ್ಲಿ ‘ಬ್ರೀ’ಗೆ ದೀರ್ಘ, ಎರಡನೆಯದರಲ್ಲಿ ‘ತೀ’ಗೆ ದೀರ್ಘ.