ಮಲಯಾಳಂ ಸಿನಿಮಾಗಳಲ್ಲಿ ಕೇರಳದ ಬದುಕು ಅಷ್ಟು ಸಹಜವಾಗಿ ಕಾಣುವುದು ಯಾಕೆ?

ದೊಡ್ಡ ಕಾರಣ ಓದು ಅಂತ ನನಗನಿಸುತ್ತದೆ. ಹಳ್ಳಿಹಳ್ಳಿಯಲ್ಲೂ ವಾಚನಾಲಯ ಕಟ್ಟಿಕೊಂಡ ನಾಡು ಅದು. ಹಾಗಾಗಿ ಸಾಹಿತಿಗಳು ಬೇಗನೆ ಸಿನಿಮಾಕ್ಕೆ ಬಂದರು. 1954ರ ‘ನೀಲಕ್ಕುಯಿಲ್’ ಉರೂಬ್ ಬರೆದ ಕಥೆ, ವಿಷಯ ಅಸ್ಪೃಶ್ಯತೆ. 1965ರ ‘ಚೆಮ್ಮೀನ್’ ಸಿನಿಮಾಕ್ಕೆ ತಗಳಿಯವರ ಕಾದಂಬರಿಯೇ ಆಧಾರ, ವಿಷಯ ಕಡಲತೀರದ ಮೀನುಗಾರರ ಬದುಕು. ಆಮೇಲೆ ಒಳ್ಳೆಯ ಸಿನಿಮಾಗಳನ್ನು ಒಟ್ಟಿಗೆ ನೋಡಿ ಚರ್ಚಿಸುವ ಫಿಲಂ ಸೊಸೈಟಿಗಳು ಬಂದವು, ನೋಡುಗರ ರುಚಿಯೂ ಬೆಳೆಯಿತು.

ಈಚಿನದು ಬೇಕಾದರೆ 2021ರ ‘ದಿ ಗ್ರೇಟ್ ಇಂಡಿಯನ್ ಕಿಚನ್’ ನೋಡಿ, ಒಬ್ಬ ಸೊಸೆಯ ಅಡುಗೆಮನೆಯ ಕಥೆ. ಮಾವನಿಗೆ ಕುಕ್ಕರ್ ಅನ್ನ ಸೇರುವುದಿಲ್ಲ, ಸೌದೆ ಒಲೆಯದ್ದೇ ಆಗಬೇಕು. ಸಿಂಕಿನ ಪೈಪ್ ಸೋರುತ್ತಿದೆ. ಪ್ಲಂಬರ್‌ನನ್ನು ಕರೆಸಲು ಗಂಡನಿಗೆ ನೆನಪೇ ಆಗುವುದಿಲ್ಲ. ಆ ಕೊಳಕು ನೀರನ್ನು ದಿನಾ ಬಳಿಯುವವಳು ಸೊಸೆ. ಗಂಡಸರು ಅಗಿದು ಮೇಜಿನ ಮೇಲೆ ಬಿಟ್ಟ ನುಗ್ಗೆಕಾಯಿ ಸಿಪ್ಪೆಯ ಪಕ್ಕದಲ್ಲೇ ಅವಳ ಊಟ. ಜಾಸ್ತಿ ಮಾತೇ ಇಲ್ಲ, ಆದರೂ ಎದೆಗೆ ನಾಟುತ್ತದೆ. ನಮ್ಮ ಮನೆಗಳಲ್ಲೂ ಇದೇ ಅಲ್ವಾ?

ಹಾಗಂತ ಆ ಸಮಾಜ ಎಲ್ಲವನ್ನೂ ಒಪ್ಪಿಕೊಂಡಿತು ಅಂದುಕೊಳ್ಳಬೇಡಿ. ಅಲ್ಲಿನ ಮೊದಲ ಮೂಕಿ ಚಿತ್ರ ‘ವಿಗತಕುಮಾರನ್’. ಅದರಲ್ಲಿ ದಲಿತ ಹೆಣ್ಣುಮಗಳು ಪಿ.ಕೆ. ರೋಸಿ, ಮೇಲ್ಜಾತಿಯಾದ ನಾಯರ್ ಹೆಂಗಸಿನ ಪಾತ್ರ ಮಾಡಿದರು. ಅಷ್ಟಕ್ಕೇ ಮೇಲ್ಜಾತಿಯವರು ಕೆರಳಿದರು, ಆಕೆ ಊರನ್ನೇ ಬಿಟ್ಟು ಓಡಬೇಕಾಯಿತು.