ಆಣೆ ಮಾಡಿಸಬೇಡಿ: ವೇಪ್ ಸಮೇತ ಸಿಕ್ಕಿಬಿದ್ದ ಹುಡುಗನ ಪ್ರಕರಣ

ಇಂಥ ಹುಡುಗರು ನನ್ನ ಹತ್ತಿರ ಬರುವುದು ಸಿಕ್ಕಿಬಿದ್ದ ಮೇಲೆಯೇ. ಕಾಲೇಜಿನವರು ಅಪ್ಪನನ್ನು ಕರೆಸಿರುತ್ತಾರೆ, ಅಪ್ಪ ಎರಡು ಬಾರಿಸಿರುತ್ತಾನೆ, ಅಮ್ಮ ಎರಡು ಹೊತ್ತು ಊಟ ಬಿಟ್ಟಿರುತ್ತಾಳೆ. ಆಮೇಲೆ ಯಾರೋ ‘ಕೌನ್ಸೆಲಿಂಗ್ ಮಾಡಿಸಿ’ ಅಂದಿರುತ್ತಾರೆ. ಬಳ್ಳಾರಿಯಲ್ಲಿ ಕೂತು ಇಂಥ ಎಷ್ಟೋ ಪ್ರಕರಣ ನೋಡಿದ್ದೇನೆ. ಇದೊಂದನ್ನು ಬರೆಯಲು ಕಾರಣ, ಇದರಲ್ಲಿ ಮೊದಲು ಎಡವಿದವಳು ನಾನೇ.

ಹುಡುಗನಿಗೆ ಹದಿನಾರು. ಪಿಯುಸಿ ಮೊದಲ ವರ್ಷ, ಸೈನ್ಸ್. ಅಪ್ಪನದು ಜೀನ್ಸ್ ಹೊಲಿದುಕೊಡುವ ಜಾಬ್‌ವರ್ಕ್, ಆರು ಮಷಿನ್ ಇಟ್ಟಿದ್ದಾರೆ. ಅಮ್ಮ ಮನೆಯಲ್ಲೇ ಪ್ಯಾಂಟಿನ ದಾರ ಕತ್ತರಿಸುವ ಹೆಂಗಸರನ್ನು ನೋಡಿಕೊಳ್ಳುತ್ತಾರೆ. ಒಬ್ಬಳು ತಂಗಿ. ಗುರುತು ಸಿಗಬಾರದೆಂದು ಕೆಲವು ವಿವರ ಬದಲಿಸಿದ್ದೇನೆ. ಬರೆದಿದ್ದನ್ನು ಮೂವರಿಗೂ ಓದಿಸಿದೆ. ಹುಡುಗ ಒಂದು ಸಾಲು ತೆಗೆಸಿದ, ತೆಗೆದೆ.

ನಡೆದದ್ದು ಇಷ್ಟು. ಡಿಸೆಂಬರ್ ತಿಂಗಳಲ್ಲಿ ಕಾಲೇಜಿನ ಟಾಯ್ಲೆಟ್ಟಿನಿಂದ ಮಾವಿನಹಣ್ಣಿನ ವಾಸನೆ ಬಂತು. ಡಿಸೆಂಬರಿನಲ್ಲಿ ಎಲ್ಲಿಯ ಮಾವು ಎಂದು ಒಬ್ಬ ಉಪನ್ಯಾಸಕರಿಗೆ ಅನುಮಾನ. ಬ್ಯಾಗ್ ಸುರಿಸಿದಾಗ ಹೈಲೈಟರ್ ಪೆನ್ನಿನಂಥದ್ದೊಂದು ಬಿತ್ತು. ಅದೇ ವೇಪ್, ಅಂದರೆ ಪರಿಮಳ ಬೆರೆಸಿದ ನಿಕೋಟಿನ್ ಆವಿ ಎಳೆಯುವ ಇ-ಸಿಗರೇಟು. ಪ್ರಿನ್ಸಿಪಾಲರು ಅಪ್ಪನ ಮುಂದೆ ಎರಡು ದಾರಿ ಇಟ್ಟರು: ಟಿಸಿ ತಗೊಂಡು ಹೋಗಿ, ಇಲ್ಲಾ ಪೊಲೀಸರಿಗೆ ಕೊಡುತ್ತೇವೆ. ಅಪ್ಪ ಎಲ್ಲರೆದುರೇ ಮಗನ ಕೆನ್ನೆಗೆ ಹೊಡೆದರು.

ಮೊದಲ ಸಲ ಮೂವರೂ ಬಂದಾಗ ಅಪ್ಪನ ಕೈಯಲ್ಲಿ ಪ್ರಶ್ನೆಗಳ ಪಟ್ಟಿಯೇ ಇತ್ತು. ಕೇಸ್ ಆಗುತ್ತದಾ, ನೀಟ್ ಬರೆಯಲು ಬಿಡುತ್ತಾರಾ, ನಾಳೆ ಪಾಸ್‌ಪೋರ್ಟಿಗೆ ತೊಂದರೆಯಾ, ರೌಡಿಶೀಟ್ ಹಾಕಿಬಿಟ್ಟರೆ? ನಾನು ಒಂದೊಂದಕ್ಕೂ ಉತ್ತರ ಕೊಡುತ್ತಾ ಹೋದೆ. ಇ-ಸಿಗರೇಟನ್ನು ಕರ್ನಾಟಕ 2016ರಲ್ಲೇ ನಿಷೇಧಿಸಿತ್ತು, 2019ರಲ್ಲಿ ಇಡೀ ದೇಶಕ್ಕೆ ಕಾಯ್ದೆ ಬಂತು. ತಯಾರಿಸುವುದು, ತರಿಸುವುದು, ಮಾರುವುದು, ಹಂಚುವುದು, ಜಾಹೀರಾತು ಕೊಡುವುದು ಎಲ್ಲವೂ ಅಪರಾಧ. ಮೊದಲ ಸಲಕ್ಕೆ ಒಂದು ವರ್ಷದವರೆಗೆ ಜೈಲು ಅಥವಾ 1 ಲಕ್ಷದವರೆಗೆ ದಂಡ ಅಥವಾ ಎರಡೂ, ಮತ್ತೆ ಮಾಡಿದರೆ ಮೂರು ವರ್ಷ ಮತ್ತು 5 ಲಕ್ಷದವರೆಗೆ. ಆದರೆ ಸೇದಿದವನಿಗೆ ಇಷ್ಟು ಶಿಕ್ಷೆ ಎಂಬ ಪ್ರತ್ಯೇಕ ಕಲಂ ಅದರಲ್ಲಿಲ್ಲ. ಹದಿನೆಂಟು ತುಂಬದವರ ಮೇಲೆ ಏನೇ ಬಂದರೂ ಅದು 2015ರ ಬಾಲನ್ಯಾಯ ಕಾಯ್ದೆಯಡಿ ಬಾಲನ್ಯಾಯ ಮಂಡಳಿಗೆ ಹೋಗುತ್ತದೆ, ದೊಡ್ಡವರ ಜೈಲಿಗಲ್ಲ. ಮುಗಿದ ಪ್ರಕರಣದ ದಾಖಲೆಯನ್ನು ನಡತೆ ಪ್ರಮಾಣಪತ್ರಕ್ಕಾಗಿ ಪೊಲೀಸರು ಹೊರಗೆ ಕೊಡುವಂತಿಲ್ಲ ಎಂದು ಅದೇ ಕಾಯ್ದೆ ಹೇಳುತ್ತದೆ.

“ಹದಿನೆಂಟು ಆದ್ಮ್ಯಾಲಾದ್ರೆ ನಡೀತಿತ್ತೇನ್ರಿ ಮೇಡಂ?” ಅಂದರು ಅಪ್ಪ.

ಇದನ್ನು ಬಹಳ ಜನ ಕೇಳುತ್ತಾರೆ. ಬೀಡಿ-ಸಿಗರೇಟಿಗೆ ವಯಸ್ಸಿನ ಗೆರೆ ಇದೆ, ನಮ್ಮ ರಾಜ್ಯದಲ್ಲಿ ಅದೀಗ 21. ವೇಪಿಗೆ ಗೆರೆಯೇ ಇಲ್ಲ. ಅರವತ್ತು ವರ್ಷದವರಿಗೂ ಮಾರುವಂತಿಲ್ಲ.

ಅಪ್ಪನ ಮುಖ ಸಡಿಲವಾಯಿತು. ನಾನೂ ಚೆನ್ನಾಗಿ ಹೇಳಿದೆ ಅಂದುಕೊಂಡೆ. ಹುಡುಗ ಆ ಮುಕ್ಕಾಲು ಗಂಟೆ ಫ್ಯಾನ್ ನೋಡುತ್ತಾ ಕೂತಿದ್ದ. ಅಲ್ಲಿಂದ ಅವರು ನೇರ ಕನಕದುರ್ಗಮ್ಮನ ಗುಡಿಗೆ ಹೋಗಿದ್ದಾರೆ. ಅಮ್ಮ ತನ್ನ ತಲೆಯ ಮೇಲೆ ಮಗನ ಕೈ ಇಡಿಸಿ ‘ಇನ್ನ ಮುಟ್ಟಲ್ಲ’ ಅಂತ ಆಣೆ ಮಾಡಿಸಿದ್ದಾರೆ. ನನಗೆ ಗೊತ್ತಾದದ್ದು ಮುಂದಿನ ವಾರ.

ಈ ನಡುವೆ ಪ್ರಿನ್ಸಿಪಾಲರ ಹತ್ತಿರ ಮಾತಾಡಿದ್ದೆ. ಟಿಸಿ ಕೊಟ್ಟರೆ ನಿಮ್ಮ ಟಾಯ್ಲೆಟ್ ಶುದ್ಧವಾಗುತ್ತದೆ ಸರ್, ಹುಡುಗನ ಚಟ ಅವನ ಜೊತೆಗೇ ಇನ್ನೊಂದು ಕಾಲೇಜಿನ ಟಾಯ್ಲೆಟ್ಟಿಗೆ ಹೋಗುತ್ತದೆ ಅಂದೆ. ಅವರು ಕೇಳಿದ್ದೂ ಸುಳ್ಳಲ್ಲ: “ಉಳಿದ ಮಕ್ಕಳ ತಂದೆ-ತಾಯಿಗೆ ನಾನೇನ್ ಹೇಳ್ಲಿ ಮೇಡಂ?” ಒಂದು ವಾರ ಸಸ್ಪೆಂಡ್ ಮಾಡುತ್ತೇನೆ ಅಂದರು. ಬೇಡ ಅಂದೆ. ಅಪ್ಪ-ಅಮ್ಮ ಕೆಲಸದಲ್ಲಿ, ಮಗ ಒಂಟಿ, ಕೈಯಲ್ಲಿ ಫೋನು. ಸೇದುವವನಿಗೆ ಇದಕ್ಕಿಂತ ಒಳ್ಳೆಯ ವಾರ ಬೇಕೇ? ಕೊನೆಗೆ ಹತ್ತು ದಿನ ಬಿಡುವಿನ ಹೊತ್ತಲ್ಲೆಲ್ಲ ಲೈಬ್ರರಿಯಲ್ಲಿ ಕೂರಬೇಕು, ಸುಳ್ಳು ಹೇಳಿದ್ದಕ್ಕೆ ಆ ಉಪನ್ಯಾಸಕರಲ್ಲಿ ಕ್ಷಮೆ ಕೇಳಬೇಕು ಎಂಬಲ್ಲಿಗೆ ಬಂತು. ಮನಸ್ಸಿಲ್ಲದ ಮನಸ್ಸಿನಿಂದ ಒಪ್ಪಿ ಮುಚ್ಚಳಿಕೆ ಬರೆಸಿಕೊಂಡರು.

ಎರಡನೇ ಸಲ ಬಂದಾಗ ಅಪ್ಪ ಬಾಗಿಲಲ್ಲೇ ಶುರು ಮಾಡಿದರು. “ಸೊಕ್ಕು ಬಂದೈತ್ರಿ ಇವನಿಗೆ. ಮಾತಾಡ್ಸಿದ್ರೆ ಮ್ಯಾಲೇ ಬೀಳ್ತಾನ. ತಂಗಿ ಮ್ಯಾಲೆ ತಟ್ಟೆ ಎಸೆದಾನ.” ಅಪ್ಪನನ್ನು ಹೊರಗೆ ಕೂರಿಸಿ ಹುಡುಗನನ್ನು ಒಬ್ಬನನ್ನೇ ಕರೆದೆ. ಕಣ್ಣು ಊದಿಕೊಂಡಿತ್ತು, ಉಗುರು ಕಚ್ಚಿ ಕಚ್ಚಿ ಬೆರಳ ತುದಿ ಕೆಂಪಾಗಿತ್ತು. ನಿದ್ದೆ ಆಯ್ತೇನಪ್ಪ ಅಂದೆ. ತಲೆ ಅಲ್ಲಾಡಿಸಿದ. ಕಾಲೇಜಲ್ಲಿ ಯಾರಾದರೂ ಏನಾದರೂ ಅಂದರಾ ಅಂದೆ. ಇಲ್ಲ ಅಂದ. ಸ್ವಲ್ಪ ಹೊತ್ತು ಸುಮ್ಮನಿದ್ದು, ನೆಲ ನೋಡಿಕೊಂಡೇ ಹೇಳಿದ:

“ನೀವೂ ಕೇಳ್ಲಿಲ್ಲ ಮೇಡಂ.”

“ಏನು ಕೇಳ್ಲಿಲ್ಲಪ್ಪ?”

“ಪ್ರಿನ್ಸಿಪಾಲ್ ಸರ್ ಯಾರು ಕೊಟ್ರು ಅಂದ್ರು. ಅಪ್ಪ ಎಷ್ಟು ರೊಕ್ಕ ಹಾಳ್ ಮಾಡ್ದಿ ಅಂದ. ಅಮ್ಮ ಯಾರ್ಯಾರು ನೋಡಿದ್ರು ಅಂದ್ಲು. ನೀವು ಕೇಸ್ ಆಗಲ್ಲ ಅಂದ್ರಿ. ಬಿಡಾಕ ಆಗ್ತೈತೇನು ಅಂತ ಒಬ್ರೂ ಕೇಳ್ಲಿಲ್ಲ.”

ಹದಿನಾಲ್ಕು ವರ್ಷದಿಂದ ಈ ಕೆಲಸ ಮಾಡುತ್ತಿದ್ದೇನೆ. ನನ್ನ ಹತ್ತಿರ ಉತ್ತರ ಇರಲಿಲ್ಲ. ಕೇಸಿನ ಭಯ ಅಪ್ಪನದಾಗಿತ್ತು. ನಾನು ಮುಕ್ಕಾಲು ಗಂಟೆ ಸಲಹೆ ಕೊಟ್ಟದ್ದು ಅಪ್ಪನಿಗೆ.

“ಈಗ ಕೇಳ್ತೀನಿ. ಬಿಡಾಕ ಆಗ್ತೈತೇನಪ್ಪ?”

“ಇಲ್ಲ.”

ಆಮೇಲೆ ಅವನು ಹೇಳುತ್ತಾ ಹೋದ, ನಾನು ತಡೆಯಲಿಲ್ಲ. ದಿಂಬಿನ ಕೆಳಗೆ ಇಟ್ಟುಕೊಂಡೇ ಮಲಗುವುದು. ಬೆಳಿಗ್ಗೆ ಮುಖ ತೊಳೆಯುವ ಮೊದಲೇ ಒಂದು. ಪ್ರತಿ ಪಿರಿಯಡ್ ಮುಗಿದ ಮೇಲೆ ಟಾಯ್ಲೆಟ್. ಕೆಮಿಸ್ಟ್ರಿ ಲ್ಯಾಬಿನ ಎರಡು ಗಂಟೆ ಕಳೆಯುವುದೇ ಕಷ್ಟ, ಬ್ಯುರೆಟ್ ಹಿಡಿದ ಕೈ ನಡುಗುತ್ತದೆ. ಶುರುವಾದದ್ದು ಬೇಸಿಗೆ ರಜೆಯಲ್ಲಿ, ಬೆಂಗಳೂರಿನ ಅಣ್ಣನೊಬ್ಬ ಕೊಟ್ಟದ್ದು. ಆಮೇಲೆ ಇನ್‌ಸ್ಟಾಗ್ರಾಮಿನಲ್ಲಿ ಯಾರಿಗೋ ಮೆಸೇಜ್ ಹಾಕುವುದು, ಕಾಲುಚೀಲದ ಪ್ಯಾಕೆಟ್ಟಿನೊಳಗೆ ಕೊರಿಯರ್ ಬರುವುದು. ದುಡ್ಡು ಸಾಲದಾದಾಗ ಗೆಳೆಯರಿಗೆ ಒಂದು ‘ಹಿಟ್’ಗೆ ಹತ್ತು ರೂಪಾಯಿಯಂತೆ ಕೊಟ್ಟಿದ್ದಾನೆ.

ಆಣೆಯ ವಿಷಯ ಕೊನೆಗೆ ಬಂತು. ಎರಡು ದಿನ ಮುಟ್ಟಲಿಲ್ಲವಂತೆ. ಮೂರನೇ ದಿನ ಸಂಜೆ ಗೆಳೆಯನ ಹತ್ತಿರ ಇಸಿದುಕೊಂಡು ಎಳೆದ. ಮರುದಿನ ಬೆಳಿಗ್ಗೆ ಅಮ್ಮನಿಗೆ ತಲೆ ಸುತ್ತಿ ಬಂದು ಗೋಡೆ ಹಿಡಿದು ಕೂತರು. ಬಿಪಿ ಅವರಿಗೆ ಮೊದಲಿಂದ ಇದೆ, ಮಾತ್ರೆ ತಪ್ಪಿಸಿದ್ದರು. ಹುಡುಗನಿಗೆ ಗೊತ್ತಿದ್ದದ್ದು ಒಂದೇ: ಅಮ್ಮನ ತಲೆ ಮುಟ್ಟಿ ಮಾಡಿದ ಆಣೆ ತಾನು ಮುರಿದಿದ್ದೇನೆ.

“ಹೇಳಿದ್ರೆ ಏನರ ಆಗ್ತೈತಿ ಮೇಡಂ. ಹೇಳ್ದಿದ್ರೂ ಆಗ್ತೈತಿ” ಅಂದು ಅತ್ತ. ಆ ಭಯಕ್ಕೆ ಮತ್ತೆ ಸೇದಿದ್ದ. ದಿನಾ.

ಇಲ್ಲಿ ನಿಕೋಟಿನ್ ಬಗ್ಗೆ ಹೇಳಲೇಬೇಕು. ರಕ್ತದಲ್ಲಿರುವ ನಿಕೋಟಿನ್ ಸುಮಾರು ಎರಡು ಗಂಟೆಯಲ್ಲಿ ಅರ್ಧಕ್ಕಿಳಿಯುತ್ತದೆ, ಮಿದುಳು ಮತ್ತೆ ಕೇಳುತ್ತದೆ. ಬೀಡಿಯಾದರೆ ಹೊಸಬನಿಗೆ ಕೆಮ್ಮು ಬಂದು ಗಂಟಲೇ ಬೇಡ ಅನ್ನುತ್ತದೆ. ಈ ಪೆನ್ನುಗಳಲ್ಲಿ ಬಹಳಷ್ಟರಲ್ಲಿ ನಿಕೋಟಿನ್‌ಗೆ ಬೆಂಜೋಯಿಕ್ ಆಮ್ಲ ಸೇರಿಸಿ ಲವಣ ಮಾಡಿರುತ್ತಾರೆ. ಗಂಟಲು ಸುಡುವುದಿಲ್ಲ, ಹಾಗಾಗಿ ಎಷ್ಟು ಒಳಗೆ ಹೋಯಿತೆಂದು ಮಗುವಿಗೆ ತಿಳಿಯುವುದೇ ಇಲ್ಲ. ಎದ್ದ ಅರ್ಧ ಗಂಟೆಯೊಳಗೆ ಬೇಕೆನಿಸಿದರೆ ಚಟ ಗಟ್ಟಿಯಾಗಿದೆ ಅಂತಲೇ ಲೆಕ್ಕ. ಬಿಟ್ಟ ಮೇಲೆ ಸಿಡುಕು, ನಿದ್ದೆಗೇಡು, ಚಡಪಡಿಕೆ ಎರಡು-ಮೂರನೇ ದಿನ ಏರಿನಲ್ಲಿರುತ್ತವೆ, ಪೂರ್ತಿ ಇಳಿಯಲು ಮೂರು-ನಾಲ್ಕು ವಾರ ಬೇಕು. ಅಪ್ಪ ಸೊಕ್ಕು ಅಂದದ್ದು ಇದನ್ನೇ. ಮೂರನೇ ದಿನ ಸಂಜೆ ಆಣೆ ಮುರಿದದ್ದೂ ಇದರಿಂದಲೇ, ಅಮ್ಮನ ಮೇಲಿನ ಪ್ರೀತಿ ಕಡಿಮೆಯಾಗಿ ಅಲ್ಲ.

ಇದಕ್ಕೇ ನಾನು ಆಣೆಗೆ ವಿರೋಧಿ. ಚಟ ಬಿಡುವವರು ನಡುವೆ ಜಾರುತ್ತಾರೆ, ಬಹುತೇಕ ಎಲ್ಲರೂ ಒಂದೆರಡು ಸಲ ಜಾರುತ್ತಾರೆ. ಜಾರಿದ ದಿನ ಮನೆಗೆ ಬಂದು ‘ಇವತ್ತು ಆಗ್ಲಿಲ್ಲ’ ಅನ್ನುವಂತಿರಬೇಕು. ಆಣೆ ಆ ಬಾಗಿಲಿಗೆ ಚಿಲಕ ಹಾಕುತ್ತದೆ. ಅದೂ ತಾಯಿಯ ತಲೆಯ ಮೇಲೆ ಕೈ ಇಟ್ಟು! ಹದಿನಾರರ ಹುಡುಗನ ಹೆಗಲಿಗೆ ಅಮ್ಮನ ಜೀವ ಹೊರಿಸಿದ ಹಾಗೆ.

ಅವನ ಒಪ್ಪಿಗೆ ಪಡೆದು ಅಮ್ಮನನ್ನು ಒಳಗೆ ಕರೆದೆ. ಆಣೆಯಿಂದ ಇವನನ್ನು ಬಿಡಿಸಬೇಕು ಅಂದೆ. ಅವರಿಗೆ ಸಿಟ್ಟು ಬಂತು. “ನೀವು ದೇವ್ರನ್ನ ನಂಬಲ್ಲೇನ್ರಿ?” ನಂಬುತ್ತೇನಮ್ಮ, ನಾನೂ ಅದೇ ಗುಡಿಗೆ ಹೋಗುವವಳೇ, ಹರಕೆ ತಪ್ಪಿದರೆ ನಮ್ಮ ಮನೆಗಳಲ್ಲಿ ಏನು ಮಾಡುತ್ತೇವೆ ಹೇಳಿ ಅಂದೆ. ಸ್ವಲ್ಪ ಹೊತ್ತು ಮಗನ ಬೆರಳು ನೋಡಿದರು. “ತಪ್ಪುಕಾಣಿಕೆ ಹಾಕ್ತೀವ್ರಿ” ಅಂದರು. ಮರುದಿನವೇ ಅವನನ್ನು ಕರೆದುಕೊಂಡು ಹೋಗಿ ಕಾಯಿ ಒಡೆಸಿ ಕಾಣಿಕೆ ಹಾಕಿಬಂದರು. ‘ಆಣೆ ಮಾಡ್ಸಿದ್ದು ನಂದು ತಪ್ಪು ತಾಯಿ’ ಅಂತ ಅಮ್ಮ ಗಟ್ಟಿಯಾಗಿಯೇ ಹೇಳಿದರಂತೆ. ಆ ರಾತ್ರಿ ಹುಡುಗ ನಿದ್ದೆ ಮಾಡಿದ.

ಮೂಢನಂಬಿಕೆಗೆ ನೀರೆರೆದೆ ಎಂದು ನನ್ನ ಸಹೋದ್ಯೋಗಿಯೊಬ್ಬರು ಆಕ್ಷೇಪಿಸಿದರು. ಇರಬಹುದು. ದೇವರು ಶಾಪ ಕೊಡುವುದಿಲ್ಲ ಎಂದು ಆ ತಾಯಿಗೆ ಭಾಷಣ ಮಾಡಬಹುದಿತ್ತು. ಅವರು ತಲೆಯಾಡಿಸಿ ಮನೆಗೆ ಹೋಗುತ್ತಿದ್ದರು, ಹುಡುಗನ ಭಯ ಇದ್ದಲ್ಲೇ ಇರುತ್ತಿತ್ತು. ಗಂಟು ಎಲ್ಲಿ ಬಿದ್ದಿತ್ತೋ ಅಲ್ಲೇ ಬಿಚ್ಚಬೇಕಿತ್ತು.

ಅಪ್ಪ ಗುಟ್ಕಾ ತಿನ್ನುತ್ತಾರಾ ಎಂದೂ ಕೇಳುತ್ತೀರಿ, ಗೊತ್ತು. ಹೌದು, ತಿನ್ನುತ್ತಾರೆ. 2013ರಲ್ಲಿ ಗುಟ್ಕಾ ನಿಷೇಧವಾದ ಮೇಲೆ ಪಾನ್‌ಮಸಾಲೆಯದೊಂದು, ತಂಬಾಕಿನದೊಂದು ಚೀಟಿ ಕೊಂಡು ಅಂಗೈಯಲ್ಲಿ ಬೆರೆಸಿಕೊಳ್ಳುವ ಲಕ್ಷಾಂತರ ಜನರಲ್ಲಿ ಅವರೂ ಒಬ್ಬರು. ನಾನು ಮಗನ ಮುಂದೆ ಅದನ್ನು ಎತ್ತಲಿಲ್ಲ. ಅಪ್ಪನ ಮುಖಕ್ಕೆ ಹೊಡೆದ ಹಾಗೆ ಮಾತಾಡಿದರೆ ಅದರ ಬಾಕಿ ಮನೆಗೆ ಹೋದ ಮೇಲೆ ಹುಡುಗನ ಬೆನ್ನ ಮೇಲೆ ತೀರುತ್ತದೆ. ಮೂರನೇ ಭೇಟಿಯಲ್ಲಿ ಅವರೇ, “ನಂದು ಬಾಯಿ ತೊಳ್ಕೊಂಡು ಮಾತಾಡ್ಬೇಕಲ್ರಿ ಮೇಡಂ” ಅಂದರು. ಇನ್ನೂ ಬಿಟ್ಟಿಲ್ಲ.

ಮನೆಯವರಿಗೆ ಕೊಟ್ಟ ಸಲಹೆ ಹೆಚ್ಚೇನಿಲ್ಲ. ಬ್ಯಾಗ್ ತಡಕಬೇಡಿ, ಬಾಯಿ ಮೂಸಬೇಡಿ. ರಾತ್ರಿ ‘ಸೇದಿದ್ಯಾ?’ ಅನ್ನುವ ಬದಲು ‘ಇವತ್ತು ಎಷ್ಟು ಸಲ ಬೇಕನ್ನಿಸ್ತು?’ ಎಂದು ಕೇಳಿ. ಮೊದಲನೆಯದಕ್ಕೆ ಮಕ್ಕಳು ಸುಳ್ಳು ಹೇಳುತ್ತಾರೆ, ಎರಡನೆಯದಕ್ಕೆ ಲೆಕ್ಕ ಹೇಳುತ್ತಾರೆ. ಬೇಕೆನ್ನಿಸುವ ತುಡಿತ ಕೆಲವೇ ನಿಮಿಷದ್ದು, ಅಷ್ಟು ಹೊತ್ತು ದಾಟಿಸಲು ಕೈಗೆ-ಬಾಯಿಗೆ ಏನಾದರೂ ಬೇಕು. ಇವನು ಜೇಬಿನಲ್ಲಿ ಹುರಿಗಡಲೆ ಇಟ್ಟುಕೊಂಡ. ಬೆಳಗಿನ ಆ ಮೊದಲ ಹೊತ್ತೇ ಕಠಿಣ ಎಂದು ಅಪ್ಪ ಅವನನ್ನು ಎಬ್ಬಿಸಿಕೊಂಡು ಕೋಟೆಗುಡ್ಡ ಹತ್ತಲು ಶುರು ಮಾಡಿದರು. ಇದು ನನ್ನ ಸಲಹೆಯಲ್ಲ, ಅವರದೇ ಉಪಾಯ. ಮೆಡಿಕಲ್ ಶಾಪಿನಿಂದ ನಿಕೋಟಿನ್ ಚೂಯಿಂಗ್ ಗಮ್ ತಂದುಕೊಡಲೇ ಅಂದಿದ್ದರು. ಹದಿನೆಂಟರೊಳಗಿನವರಿಗೆ ವೈದ್ಯರು ಹೇಳದೆ ಬೇಡ ಎಂದು ಸರ್ಕಾರಿ ಆಸ್ಪತ್ರೆಯ ಮನೋವೈದ್ಯರ ಹತ್ತಿರ ಕಳಿಸಿದೆ. ನನ್ನ ಹತ್ತಿರ ಬರಲಾಗದ ಹೊತ್ತಿಗೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್ 14416, ತಂಬಾಕು ಬಿಡಿಸುವ ಸಹಾಯವಾಣಿ 1800-112-356 ಎರಡನ್ನೂ ಹುಡುಗನ ನೋಟ್‌ಬುಕ್ಕಿನ ಹಿಂದಿನ ಪುಟದಲ್ಲಿ ಅವನ ಕೈಯಲ್ಲೇ ಬರೆಸಿದೆ. ಮೊದಲ ತಿಂಗಳಲ್ಲಿ ಎರಡು ಸಲ ಜಾರಿದ. ಎರಡೂ ಸಲ ಅಮ್ಮನಿಗೆ ಅವತ್ತೇ ಹೇಳಿದ.

ಉಳಿದದ್ದು ಆ ಹತ್ತು ರೂಪಾಯಿ. ಹಣ ತಗೊಂಡು ಕೊಟ್ಟರೆ ಕಾನೂನಿನ ಕಣ್ಣಿಗೆ ಅದು ಮಾರಾಟವೇ ಎಂದು ಅವನಿಗೆ ಬಿಡಿಸಿ ಹೇಳಿದೆ. ಮುಖ ಬಿಳಿಚಿಕೊಂಡ. ಮನೆಯಲ್ಲಿ ತಾನೇ ಹೇಳಿಕೊಂಡ, ಅದಾದ ಮೇಲೆಯೇ ಇಲ್ಲಿ ಬರೆದಿರುವುದು. ಆದರೆ ಕಾಲೇಜಿಗೆ ನಾನು ಹೇಳಲಿಲ್ಲ. ಹೇಳಿದ್ದರೆ ಅವನ ಟಿಸಿ ಅವತ್ತೇ ಸಿದ್ಧವಾಗುತ್ತಿತ್ತು, ಬಿಡಲು ಆಗುತ್ತಿಲ್ಲ ಎಂದು ಬಾಯಿಬಿಟ್ಟದ್ದಕ್ಕೆ ಸಿಕ್ಕ ಬಹುಮಾನ ಅದಾಗುತ್ತಿತ್ತು. ಹಾಗೆಂದು ಸುಮ್ಮನಿರಲೂ ಆಗಲಿಲ್ಲ. ಹತ್ತು ಕೊಟ್ಟು ಸೇದಿದವರೂ ಮಕ್ಕಳೇ. ಇಡೀ ಸೆಕ್ಷನ್ನಿಗೆ ಮಾತಾಡುತ್ತೇನೆ ಎಂದು ಪ್ರಿನ್ಸಿಪಾಲರನ್ನು ಕೇಳಿ, ಯಾರ ಹೆಸರೂ ಎತ್ತದೆ ಒಂದು ಗಂಟೆ ಮಾತಾಡಿದೆ. ಹೋಗುವಾಗ ನನ್ನ ನಂಬರ್ ಬೋರ್ಡಿನ ಮೇಲೆ ಬರೆದೆ. ಯಾರೂ ಬರೆದುಕೊಂಡ ಹಾಗೆ ಕಾಣಲಿಲ್ಲ. ನಾನು ಮಾಡಿದ್ದು ಸಾಕಾಯಿತೇ ಎಂದು ಅವತ್ತಿಂದ ಎಷ್ಟೋ ಸಲ ಕೇಳಿಕೊಂಡಿದ್ದೇನೆ.

ಮೊನ್ನೆ ಒಬ್ಬ ತಾಯಿಯ ಫೋನ್ ಬಂತು. ಅದೇ ಕಾಲೇಜು, ಅದೇ ಸೆಕ್ಷನ್. ಮಗನ ದಿಂಬಿನ ಕೆಳಗೆ ಸಿಕ್ಕಿದೆ.

“ಏನ್ ಮಾಡಿದ್ರಿ ಅಮ್ಮ?” ಅಂದೆ.

“ಆಣೆ ಮಾಡ್ಸೀವ್ರಿ ಮೇಡಂ.”

ಗುರುವಾರ ನಾಲ್ಕು ಗಂಟೆಗೆ ಬರಲು ಹೇಳಿದ್ದೇನೆ. ಬರುವಾಗ ಮಗನನ್ನು ಮೊದಲು ಒಬ್ಬನನ್ನೇ ಒಳಗೆ ಕಳಿಸಿ ಅಂದಿದ್ದೇನೆ.