ಅಜ್ಜಿಯ ಕೈ ಇರಲಿ, ಹೊಗೆ ಬೇಡ

(ತಾಲ್ಲೂಕು ಆಸ್ಪತ್ರೆಯ ಹೆರಿಗೆ ವಾರ್ಡಿನಲ್ಲಿ ಕೆಲಸ ಮಾಡಿ ನಿವೃತ್ತರಾಗಿ, ಈಗ ತೀರ್ಥಹಳ್ಳಿ ಸಮೀಪದ ತೋಟದ ಮನೆಯಲ್ಲಿರುವ ಹಿರಿಯ ನರ್ಸ್ ಒಬ್ಬರು ಓದುಗರ ಪ್ರಶ್ನೆಗಳಿಗೆ ಉತ್ತರಿಸುತ್ತಾರೆ.)

ಪ್ರಶ್ನೆ: ಸಿಸ್ಟರ್, ನನ್ನ ಮಗುವಿಗೆ ಇಪ್ಪತ್ತು ದಿನ. ಬಾಣಂತನಕ್ಕೆ ತವರಿಗೆ ಬಂದಿದ್ದೇನೆ. ನೀರು ಹಾಕಲು ಊರಿನ ಅಜ್ಜಿಯೊಬ್ಬರು ಬರುತ್ತಾರೆ. ನೀರು ಚುರುಕೆನ್ನುವಷ್ಟು ಬಿಸಿ. ಮಗು ಕೆಂಪಾಗಿ ಕಿರುಚುತ್ತದೆ. ಮೂಗಿಗೆ ಎಣ್ಣೆ ಬಿಡುತ್ತಾರೆ, ಎದೆ ಹಿಂಡುತ್ತಾರೆ, ಕೊನೆಗೆ ಸಾಂಬ್ರಾಣಿ ಹೊಗೆ. ನನ್ನ ಗಂಡ ‘ಅವರನ್ನು ಬಿಡಿಸು’ ಎನ್ನುತ್ತಾರೆ. ಅಮ್ಮ ‘ನೀನೂ ಇದೇ ಕೈಯಲ್ಲಿ ಬೆಳೆದವಳು’ ಎನ್ನುತ್ತಾರೆ. ಏನು ಮಾಡಲಿ? — ಹೊಸನಗರ ತಾಲ್ಲೂಕು

ಉತ್ತರ: ಬಿಡಿಸಬೇಡಮ್ಮ. ಕಾಲು ನೀಡಿ ಕುಳಿತು, ಮೊಣಕಾಲಿನ ಕೆಳಗೆ ಮಗುವನ್ನು ಮಲಗಿಸಿಕೊಂಡು ನೀರು ಹಾಕುವ ಆ ಕ್ರಮಕ್ಕಿಂತ ಭದ್ರವಾದ ಜಾಗವನ್ನು ಯಾವ ಪ್ಲಾಸ್ಟಿಕ್ ಟಬ್ಬೂ ಕೊಡುವುದಿಲ್ಲ. ನೀರು ನಿಲ್ಲುವುದಿಲ್ಲ, ಮಗು ಜಾರುವುದಿಲ್ಲ, ಎರಡು ಕಾಲುಗಳ ನಡುವೆ ಬೆನ್ನಿಗೆ ಆಧಾರವಿರುತ್ತದೆ. ಸ್ನಾನಕ್ಕೆ ಮೊದಲು ತೆಂಗಿನೆಣ್ಣೆ ಹಚ್ಚಿ ಹಗುರವಾಗಿ ನೀವುವುದೂ ಒಳ್ಳೆಯದೇ. ನಿನ್ನ ಗಂಡನಿಗೆ ಇದನ್ನು ಓದಿ ಹೇಳು.

ಆದರೆ ನೀರಿನ ಹದ ನೋಡುವುದು ನಿನ್ನ ಕೆಲಸವಾಗಲಿ. ಅಜ್ಜಿಯ ಅಂಗೈ ಬಚ್ಚಲ ಒಲೆಗೆ ಕಟ್ಟಿಗೆ ತುರುಕಿ, ಹಂಡೆಯ ನೀರು ಮೊಗೆದು ಗಟ್ಟಿಯಾದ ಕೈ. ಆ ಕೈಗೆ ‘ಉಗುರು ಬೆಚ್ಚಗೆ’ ಎನಿಸುವ ನೀರು ಎಳೆಗೂಸಿನ ಚರ್ಮಕ್ಕೆ ಬೆಂಕಿ. ಮಗುವಿಗೆ ಬೇಕಾದದ್ದು 37ರಿಂದ 38 ಡಿಗ್ರಿ ಸೆಲ್ಸಿಯಸ್, ಅಂದರೆ ನಮ್ಮ ಮೈಯ ಬಿಸಿಯಷ್ಟೇ. ಹಂಡೆಯಲ್ಲಿ ಕುದಿಯುವ ನೀರಿನ ಮಾತು ಹಾಗಿರಲಿ, 60 ಡಿಗ್ರಿಯ ನೀರು ಬಿದ್ದರೂ ಕೆಲವೇ ಕ್ಷಣಗಳಲ್ಲಿ ಮಗುವಿನ ಚರ್ಮ ಆಳವಾಗಿ ಸುಡುತ್ತದೆ. ಬಕೆಟ್ಟಿಗೆ ಮೊದಲು ತಣ್ಣೀರು ಹಾಕಿ, ಆಮೇಲೆ ಬಿಸಿನೀರು ಬೆರೆಸಿ, ಕೈಯಾಡಿಸಿ ಕದಡಿ, ನಿನ್ನ ಮೊಣಕೈಯನ್ನು ಅದ್ದಿ ನೋಡು. ಮೊಣಕೈಗೆ ಬಿಸಿಯೆಂದೂ ತಣ್ಣಗೆಂದೂ ಅನ್ನಿಸಬಾರದು. ಹದ ಮಾಡಿದ ನೀರಿಗೆ ನಡುವೆ ಯಾರೂ ಹಂಡೆಯಿಂದ ಮೊಗೆದು ಸುರಿಯುವಂತಿಲ್ಲ; ಅವಘಡಗಳು ಹೆಚ್ಚಾಗಿ ಆಗುವುದೇ ಆ ‘ಇನ್ನೊಂದು ಚೊಂಬಿನಲ್ಲಿ’. ಬಾಣಂತಿಗೆಂದು ಕಾಯಿಸಿದ ನೀರು ಮಗುವಿನ ಬಕೆಟ್ಟಿನ ಹತ್ತಿರವೂ ಬರಕೂಡದು. ನಿನಗೆ ಮೈಕೈ ನೋವು, ಬಿಸಿನೀರು ಹಿತ ಎನಿಸಬಹುದು. ಮಗುವಿಗೆ ಯಾವ ನೋವೂ ಇಲ್ಲ.

ಮೂಗಿಗೆ, ಕಿವಿಗೆ ಎಣ್ಣೆ ಖಡಾಖಂಡಿತ ಬೇಡ. ಮೂಗಿಗೆ ಬಿಟ್ಟ ಎಣ್ಣೆ ಶ್ವಾಸಕೋಶಕ್ಕೆ ಇಳಿದರೆ ನ್ಯುಮೋನಿಯಾ ಆಗುತ್ತದೆ, ಅದು ಸುಲಭಕ್ಕೆ ವಾಸಿಯಾಗುವಂಥದ್ದಲ್ಲ. ಎದೆ ಹಿಂಡುವುದೂ ಬೇಡ. ಹೆಣ್ಣಾಗಲಿ ಗಂಡಾಗಲಿ, ಹುಟ್ಟಿದ ಮಗುವಿನ ಎದೆ ಉಬ್ಬಿರುವುದು ತಾಯಿಯ ಹಾರ್ಮೋನಿನಿಂದ. ಕೆಲವು ವಾರಗಳಲ್ಲಿ ತಾನೇ ಇಳಿಯುತ್ತದೆ. ಹಿಂಡಿದರೆ ಕೀವಾಗುತ್ತದೆ. ಹಾಗೆ ಕೀವು ತುಂಬಿ ಕೊಯ್ಯಬೇಕಾಗಿ ಬಂದ ಹಸುಗೂಸುಗಳನ್ನು ವಾರ್ಡಿನಲ್ಲಿ ಎತ್ತಿಕೊಂಡು ಕೂತವಳು ನಾನು, ಆದ್ದರಿಂದ ಈ ಮಾತಿನಲ್ಲಿ ರಾಜಿಯಿಲ್ಲ. ನೆತ್ತಿ ತುಂಬಲೆಂದು ಎಣ್ಣೆ ಒತ್ತುವುದು, ಎತ್ತರದಿಂದ ನೆತ್ತಿಗೆ ನೀರು ಸುರಿಯುವುದು ಎರಡೂ ವ್ಯರ್ಥ. ನೆತ್ತಿ ಸುಮಾರು ಒಂದೂವರೆ ವರ್ಷದ ಹೊತ್ತಿಗೆ ತಾನಾಗಿ ಮುಚ್ಚಿಕೊಳ್ಳುತ್ತದೆ.

ಇನ್ನು ಹೊಗೆ. ಆಷಾಢದಲ್ಲಿ ನಮ್ಮ ಕಡೆ ವಾರಗಟ್ಟಲೆ ಬಿಸಿಲು ಕಾಣುವುದಿಲ್ಲ, ಬಟ್ಟೆಗಳಿಗೆ ಬೂಸಲು ವಾಸನೆ, ಹೊಗೆ ಹಾಕಿದರೆ ಮಗು ಬೆಚ್ಚಗಿರುತ್ತದೆಂಬ ನಂಬಿಕೆ ಹುಟ್ಟಿದ್ದು ಇದರಿಂದಲೇ ಇರಬೇಕು. ಹೊಗೆ ಯಾವುದಾದರೂ ಹೊಗೆಯೇ. ಮಗುವಿನ ಶ್ವಾಸನಾಳ ತೀರಾ ಸಣ್ಣದು. ಮಗುವನ್ನು ಬೆಚ್ಚಗಿಡುವುದು ಹೊಗೆಯಲ್ಲ, ಒಣ ಬಟ್ಟೆ. ಕತ್ತಿನ ಮಡಿಕೆ, ಕಂಕುಳು, ತೊಡೆಸಂದುಗಳನ್ನು ಒತ್ತಿ ಒರೆಸಿ, ತಲೆ ಪೂರ್ತಿ ಒಣಗಿದ ಮೇಲೆ ಟೊಪ್ಪಿ ಹಾಕಿ, ನಿನ್ನ ಎದೆಗೆ ಅಪ್ಪಿಕೋ. ಮಳೆಗಾಲದಲ್ಲಿ ಲಂಗೋಟಿಗಳಿಗೆ ಇಸ್ತ್ರಿ ಹಾಕಿಸು.

ಅಜ್ಜಿಗೆ ಇದನ್ನೆಲ್ಲ ನೀನೇ ಹೇಳಲು ಹೋದರೆ ಬಚ್ಚಲುಮನೆಯಲ್ಲೇ ಜಗಳವಾದೀತು. ‘ಡಾಕ್ಟರು ಹೇಳಿದ್ದಾರೆ ಅಜ್ಜಿ, ನಾನೇನು ಮಾಡಲಿ’ ಎಂದು ನಮ್ಮ ಮೇಲೆ ಹಾಕು, ನಮಗೆ ಅಭ್ಯಾಸವಿದೆ. ಕೊನೆಯ ಚೊಂಬು ನೀರು ನಿವಾಳಿಸಿ ದೃಷ್ಟಿ ತೆಗೆಯುತ್ತಾರಲ್ಲ, ಅದಕ್ಕೆ ಅಡ್ಡ ಬರಬೇಡ. ನನ್ನ ಮೊಮ್ಮಕ್ಕಳಿಗೆ ನಾನೂ ತೆಗೆಯುತ್ತೇನೆ.

ನಿನ್ನ ಹಾಗೆಯೇ ಬಸುರಿಯರೂ ಇದನ್ನು ಓದುತ್ತಿರಬಹುದು. ಹುಟ್ಟಿದ ಮಗುವಿಗೆ ಮೊದಲ ಸ್ನಾನವನ್ನು ಕನಿಷ್ಠ 24 ಗಂಟೆ ತಡೆಯಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ; ಮೈ ತಣ್ಣಗಾಗಿ ಮಗು ಸೋಲುತ್ತದೆಂಬುದು ಮುಖ್ಯ ಕಾರಣ. ಹೊಕ್ಕುಳಬಳ್ಳಿ ಬೀಳುವವರೆಗೆ ಒದ್ದೆ ಬಟ್ಟೆಯಲ್ಲಿ ಒರೆಸಿದರೆ ಸಾಕು. ಬಳ್ಳಿಗೆ ಬೂದಿ, ಅರಿಸಿನ, ಎಣ್ಣೆ ಏನೂ ಬೇಡ. ಒಣಗಿದ್ದರೆ ತಾನೇ ಬೀಳುತ್ತದೆ.

ಪ್ರಶ್ನೆ: ನಮ್ಮದು ಬಾಡಿಗೆ ಮನೆ, ಸ್ನಾನದ ಕೋಣೆಯೊಳಗೇ ಗ್ಯಾಸ್ ಗೀಸರ್ ಇದೆ. ಎಂಟು ತಿಂಗಳ ಮಗಳನ್ನು ಟಬ್ಬಿನಲ್ಲಿಡುವ ಸೀಟಿನಲ್ಲಿ ಕೂರಿಸಿ ಸ್ನಾನ ಮಾಡಿಸುತ್ತೇನೆ. ಗಾಳಿ ಬಂದರೆ ಶೀತವಾಗುತ್ತದೆಂದು ಕಿಟಕಿ ಮುಚ್ಚಿರುತ್ತೇವೆ. ದಿನಾ ಸ್ನಾನ ಬೇಕೇ? — ಒಬ್ಬ ತಂದೆ, ಶಿವಮೊಗ್ಗ

ಉತ್ತರ: ಸ್ನಾನ ಮಾಡಿಸುವ ಅಪ್ಪನಿಗೆ ಮೊದಲು ಶಹಬ್ಬಾಸ್. ಇನ್ನು ಬೈಗುಳ. ಮುಚ್ಚಿದ ಕೋಣೆಯಲ್ಲಿ ಗ್ಯಾಸ್ ಉರಿದರೆ ಕಾರ್ಬನ್ ಮೊನಾಕ್ಸೈಡ್ ತುಂಬುತ್ತದೆ. ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ತಲೆಸುತ್ತು ಬಂತೆಂದು ತಿಳಿಯುವಷ್ಟರಲ್ಲಿ ದೊಡ್ಡವರೇ ಕುಸಿದು ಬೀಳುತ್ತಾರೆ. ಕಿಟಕಿ ತೆರೆದು ಬಕೆಟ್ ತುಂಬಿಸಿ, ಗೀಸರ್ ಆರಿಸಿ, ಕೋಣೆಗೆ ಗಾಳಿಯಾಡಿದ ಮೇಲೆ ಮಗಳನ್ನು ಒಳಗೆ ತನ್ನಿ. ಗೀಸರನ್ನು ಹೊರಗೋಡೆಗೆ ಹಾಕಿಸಲು ಮನೆ ಯಜಮಾನರನ್ನು ಕೇಳಿ, ಒಪ್ಪದಿದ್ದರೆ ಅಡುಗೆ ಒಲೆಯಲ್ಲಿ ನೀರು ಕಾಯಿಸಿಕೊಳ್ಳಿ. ಬಕೆಟ್ಟಿಗೆ ಇಳಿಬಿಡುವ ವಿದ್ಯುತ್ ಕಾಯಿಲ್ ಮಾತ್ರ ಬೇಡ. ಅದು ನೀರಲ್ಲಿರುವಾಗ ಮಗು ಆ ಕೋಣೆಯಲ್ಲೇ ಇರಬಾರದು.

ಟಬ್ಬಿನ ಸೀಟು ನಿಮ್ಮ ಕೈಗೆ ಬಿಡುವು ಕೊಡಬಹುದು, ಮಗುವಿಗೆ ರಕ್ಷಣೆ ಕೊಡುವುದಿಲ್ಲ. ಸೀಟು ಮಗುಚಬಹುದು, ಮಗು ಜಾರಿ ಕೆಳಗಿಳಿಯಬಹುದು. ಟವೆಲ್, ಬಟ್ಟೆ, ಸೋಪು ಮೊದಲೇ ಪಕ್ಕಕ್ಕಿಟ್ಟುಕೊಳ್ಳಿ. ಮೊಬೈಲ್ ಹೊರಗಿರಲಿ. ಬಾಗಿಲು ತಟ್ಟಿದರೆ ಮಗುವನ್ನು ಟವೆಲಿನಲ್ಲಿ ಸುತ್ತಿ ಎತ್ತಿಕೊಂಡೇ ಹೋಗಿ. ದಿನಾ ಸ್ನಾನ ಕಡ್ಡಾಯವಲ್ಲ. ಮಳೆಗಾಲದಲ್ಲಿ ವಾರಕ್ಕೆ ಎರಡು ಮೂರು ಸಲ ಸಾಕು, ಉಳಿದ ದಿನ ಮುಖ, ಕತ್ತು, ಕೆಳಭಾಗ ತೊಳೆದರಾಯಿತು.

ಪ್ರಶ್ನೆ: ಮೊಮ್ಮಗನಿಗೆ ಒಂದೂವರೆ ವರ್ಷ. ನೀರು ಕಂಡರೆ ಓಡುತ್ತಾನೆ. ಅಡಿಕೆ ಕೊಯ್ಲು ಶುರುವಾಯಿತು, ಮನೆ ತುಂಬ ಆಳುಗಳು, ಅಂಗಳದಲ್ಲಿ ಅಡಿಕೆ ಬೇಯಿಸುವ ಒಲೆ. ಭಯವಾಗುತ್ತದೆ. — ತೀರ್ಥಹಳ್ಳಿ ತಾಲ್ಲೂಕಿನ ಅಜ್ಜಿ

ಉತ್ತರ: ಭಯ ಸರಿಯಾದದ್ದೇ. ಈ ವಯಸ್ಸಿನ ಮಕ್ಕಳಿಗೆ ತಲೆ ಭಾರ. ಬಗ್ಗಿ ನೋಡಿದವರು ತಲೆಕೆಳಗಾಗಿ ಬಕೆಟ್ಟಿಗೆ ಬಿದ್ದರೆ ಎದ್ದು ನಿಲ್ಲಲಾರರು. ಕೈಬೆರಳಷ್ಟು ಆಳದ ನೀರು ಸಾಕು. ಮುಳುಗುವ ಮಗು ಕೂಗುವುದಿಲ್ಲ. ಆದ್ದರಿಂದ ‘ಸದ್ದಾದರೆ ಓಡಿ ಹೋಗುತ್ತೇನೆ’ ಎಂಬ ಲೆಕ್ಕ ಇಲ್ಲಿ ನಡೆಯದು. ಕೆಲಸ ಮುಗಿದ ಬಕೆಟ್ಟನ್ನು ಖಾಲಿ ಮಾಡಿ ಬೋರಲು ಹಾಕಿ. ಬಚ್ಚಲ ತೊಟ್ಟಿಗೆ ಮಗು ಎತ್ತಲಾಗದ ಮುಚ್ಚಳ ಮಾಡಿಸಿ, ಬಚ್ಚಲುಮನೆ ಬಾಗಿಲಿಗೆ ಮೇಲುಗಡೆ ಚಿಲಕ ಹಾಕಿಸಿ.

ಅಡಿಕೆ ಬೇಯುವಾಗ ‘ಎಲ್ಲರೂ ನೋಡಿಕೊಳ್ಳುತ್ತಾರೆ’ ಎಂದರೆ ಯಾರೂ ನೋಡುವುದಿಲ್ಲ. ಅಷ್ಟು ಹೊತ್ತು ಹುಡುಗ ಇಂಥವರ ಜವಾಬ್ದಾರಿ ಎಂದು ಹೆಸರು ಹೇಳಿ ಒಪ್ಪಿಸಿ, ಅವರಿಗೆ ಬೇರೆ ಕೆಲಸ ಹೇಳಬೇಡಿ. ಒಂದು ವೇಳೆ ಬಿಸಿನೀರೋ, ಅಡಿಕೆ ಬೇಯಿಸಿದ ಚೊಗರು ನೀರೋ ಮೈಮೇಲೆ ಬಿದ್ದರೆ, ಬಟ್ಟೆ, ಉಡಿದಾರ, ಬಳೆಗಳನ್ನು ಕೂಡಲೇ ತೆಗೆದು, ಸುಟ್ಟ ಜಾಗದ ಮೇಲೆ 20 ನಿಮಿಷ ಹರಿಯುವ ತಣ್ಣೀರು ಬಿಡಿ. ಚರ್ಮಕ್ಕೆ ಅಂಟಿದ ಬಟ್ಟೆಯನ್ನು ಮಾತ್ರ ಕೀಳಬೇಡಿ. ಉಳಿದ ಮೈಯನ್ನು ಬೆಚ್ಚಗೆ ಹೊದಿಸಿ. ಟೂತ್‌ಪೇಸ್ಟ್, ಹಿಟ್ಟು, ಬೆಣ್ಣೆ, ಐಸ್ ಯಾವುದೂ ಬೇಡ. ಶುಭ್ರ ಬಟ್ಟೆ ಮುಚ್ಚಿ ಆಸ್ಪತ್ರೆಗೆ ಹೊರಡಿ, 108ಕ್ಕೆ ಕರೆ ಮಾಡಿ.

ಪ್ರಶ್ನೆ: ಲಸಿಕೆ ಹಾಕಿಸಿದ ದಿನ ಸ್ನಾನ ಮಾಡಿಸಬಹುದೇ? — ಸಾಗರ

ಉತ್ತರ: ಮಾಡಿಸಬಹುದು. ಸೂಜಿ ಚುಚ್ಚಿದ ಜಾಗವನ್ನು ಉಜ್ಜಬೇಡಿ, ಅಲ್ಲಿಗೆ ಎಣ್ಣೆ ಹಚ್ಚಿ ನೀವಬೇಡಿ.